ಮೊದಲ ಪ್ರದರ್ಶನ ಚಿತ್ರ ತೆಗೆದ ಊರಲ್ಲೇ

ಹೋದ ಸಂಚಿಕೆಯಲ್ಲಿ ನಾನು ಮಾಡಿದ ಸಾಕ್ಷ್ಯಚಿತ್ರವೊಂದರ ಬಗ್ಗೆ ಸಣ್ಣ ಬರಹ ಬಂದಿತ್ತು. ಯಾದಗಿರಿ ಜಿಲ್ಲೆಯ ತಾಂಡಾಗಳಿಂದ ಗುಳೆ ಹೋಗುವವರ ಚಿತ್ರ ಅದು. ಅದನ್ನು ಓದಿ ಬಹಳ ಜನ ಪತ್ರ ಬರೆದಿದ್ದೀರಿ. ಸಂಪಾದಕರು ಅವುಗಳಲ್ಲಿ ಕೆಲವನ್ನು ಆರಿಸಿ, ಉತ್ತರ ಬರೆಯಿರಿ ಎಂದು ನನಗೆ ಕಳಿಸಿದರು. ನನ್ನ ಊರು ಶಹಾಬಾದ್, ಈಗ ಇರುವುದು ಕಲಬುರಗಿಯಲ್ಲಿ. ನೆಲಕ್ಕೆ ಹಾಸುವ ಪರ್ಸಿ ಕಲ್ಲಿನ ಗಣಿಯ ಕಾರ್ಮಿಕರು, ಗುಳೆ ಹೋಗುವವರು, ಬೀದರಿನ ಬಿದ್ರಿ ಕೆಲಸದವರು, ನನ್ನ ಚಿತ್ರಗಳೆಲ್ಲ ಇವರವೇ. ಹಾಗಾಗಿ ನನ್ನ ಉತ್ತರಗಳೂ ಈ ಮೂರು ಜಿಲ್ಲೆ ಬಿಟ್ಟು ಹೆಚ್ಚು ದೂರ ಹೋಗುವುದಿಲ್ಲ.

ಪ್ರಶ್ನೆ: ಬಿ.ಎ. ಕೊನೆಯ ವರ್ಷದಲ್ಲಿದ್ದೇನೆ, ಪತ್ರಿಕೋದ್ಯಮ ನನ್ನ ವಿಷಯ. ಸಾಮಾಜಿಕ ಸಮಸ್ಯೆಗಳ ಮೇಲೆ ಸಾಕ್ಷ್ಯಚಿತ್ರ ಮಾಡಬೇಕೆಂಬ ಆಸೆ. ಅಪ್ಪ ‘ಪಿಡಿಒ ಪರೀಕ್ಷೆ ಬರಿ, ಇದನ್ನ ಬಿಡು’ ಅಂತಾರೆ. ಇದರಲ್ಲಿ ಹೊಟ್ಟೆ ತುಂಬುತ್ತದಾ ಅಕ್ಕಾ?
– ವಿದ್ಯಾರ್ಥಿನಿ, ಸೇಡಂ

ಉತ್ತರ: ತಂಗಿ, ಇಂಥ ಚಿತ್ರಗಳಿಂದಲೇ ಮನೆ ನಡೆಸುತ್ತೇನೆ ಅಂದರೆ ಆಗುವುದಿಲ್ಲ. ನನ್ನ ಮನೆಯೂ ಹಾಗೆ ನಡೆಯುವುದಿಲ್ಲ. ಕಲಬುರಗಿಯ ಸೂಪರ್ ಮಾರ್ಕೆಟ್ ಹತ್ತಿರ ಒಂದು ಸ್ಟುಡಿಯೊದಲ್ಲಿ ಮದುವೆ ವಿಡಿಯೊ ಎಡಿಟ್ ಮಾಡುತ್ತ ನಾನು ಈ ಕೆಲಸ ಕಲಿತೆ. ಈಗಲೂ ಮದುವೆ ಸುಗ್ಗಿಯಲ್ಲಿ ಆ ಕೆಲಸ ಮಾಡುತ್ತೇನೆ. ಉಳಿದ ದಿನಗಳಲ್ಲಿ ಸಂಸ್ಥೆಗಳಿಗೆ ತರಬೇತಿ ಚಿತ್ರ, ಕಾಲೇಜುಗಳಲ್ಲಿ ಪಾಠ. ಇವುಗಳಿಂದ ಬಾಡಿಗೆ, ರೇಷನ್, ಮಗಳ ಫೀಸು ಹೊಂದುತ್ತವೆ. ಮದುವೆ ವಿಡಿಯೊ ಎಂದು ಹಗುರವಾಗಿ ನೋಡಬೇಡ. ಇಡೀ ದಿನದ ಚಿತ್ರೀಕರಣದಲ್ಲಿ ಬೇಕಾದ್ದನ್ನು ಹುಡುಕಿ ತೆಗೆಯುವುದು, ಗದ್ದಲದ ನಡುವೆ ಒಬ್ಬರ ದನಿ ಹಿಡಿಯುವುದು, ಜನ ಕ್ಯಾಮೆರಾ ಇದೆ ಅನ್ನುವುದನ್ನು ಮರೆಯುವ ತನಕ ಕಾಯುವುದು, ಎಲ್ಲ ಅಲ್ಲೇ ಬಂತು.

ದುಡ್ಡಿನ ದಾರಿಗಳು ಇಲ್ಲವೇ ಇಲ್ಲ ಅಂತಲ್ಲ. ಸರ್ಕಾರದ ಫಿಲ್ಮ್ಸ್ ಡಿವಿಷನ್ 1948ರಿಂದ ಸಾಕ್ಷ್ಯಚಿತ್ರ ಮಾಡಿಸುತ್ತಿತ್ತು. 2022ರಲ್ಲಿ ಅದನ್ನು ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ (ಎನ್‌ಎಫ್‌ಡಿಸಿ) ಸೇರಿಸಿದರು. 2000ದಲ್ಲಿ ಶುರುವಾದ ಪಿಎಸ್‌ಬಿಟಿ ಅನ್ನುವ ಟ್ರಸ್ಟ್ ಎಷ್ಟೋ ಹೊಸಬರಿಗೆ ಮೊದಲ ಚಿತ್ರದ ಅವಕಾಶ ಕೊಟ್ಟಿದೆ. ಚಿತ್ರೋತ್ಸವಗಳ ಅನುದಾನ ಇದೆ, ಜನರಿಂದ ಸಣ್ಣ ಸಣ್ಣ ಮೊತ್ತ ಕೂಡಿಸುವ ರೂಢಿ ಇದೆ. ಆದರೆ ಹಣ ಯಾರದು ಅನ್ನುವುದನ್ನು ಮೊದಲು ಕೇಳು. ಗಣಿಯವರ ದುಡ್ಡಲ್ಲಿ ಗಣಿ ಕಾರ್ಮಿಕರ ಚಿತ್ರ ಮಾಡಲಾಗದು.

ಇನ್ನು ಸಮಯ. ಮುಂಬೈಯ ರಮಾಬಾಯಿ ನಗರದಲ್ಲಿ 1997ರ ಜುಲೈ 11ರಂದು ಪೊಲೀಸರ ಗುಂಡಿಗೆ ಹತ್ತು ಜನ ದಲಿತರು ಸತ್ತರು. ಸಾಕ್ಷ್ಯಚಿತ್ರಕಾರ ಆನಂದ್ ಪಟವರ್ಧನ್ ಅಲ್ಲಿಂದ ಚಿತ್ರೀಕರಣ ಶುರು ಮಾಡಿದರು. ಆ ಚಿತ್ರ, ‘ಜೈ ಭೀಮ್ ಕಾಮ್ರೇಡ್’, ಮುಗಿದದ್ದು 2011ರಲ್ಲಿ. 14 ವರ್ಷ! ನ್ಯಾಯಾಲಯದ ಕೇಸು ಎಲ್ಲಿಗೆ ಮುಟ್ಟುತ್ತದೆ, ಬಸ್ತಿಯ ಹುಡುಗರು ದೊಡ್ಡವರಾಗಿ ಏನು ಹಾಡುತ್ತಾರೆ ಎಂದು ಅಷ್ಟು ದಿನ ಕಾದರು. ಆಮೇಲೆ ಅದನ್ನು ಬಸ್ತಿ, ಚಾಳುಗಳಿಗೇ ಒಯ್ದು ತೋರಿಸಿದರು. ನಮ್ಮ ರಾಜ್ಯದಲ್ಲೂ ಈ ದಾರಿ ಹಳೆಯದು. 1982ರಲ್ಲಿ ನಿಪ್ಪಾಣಿಯ ತಂಬಾಕು ಕಾರ್ಖಾನೆಯ ಹೆಂಗಸರು ಸಂಘ ಕಟ್ಟಿದ್ದರ ಬಗ್ಗೆ ಯುಗಾಂತರ್ ಅನ್ನುವ ಮಹಿಳೆಯರ ತಂಡ ಚಿತ್ರ ಮಾಡಿತು. ದೀಪಾ ಧನರಾಜ್ ಆ ತಂಡದಲ್ಲಿದ್ದರು. ಆ ಹೆಂಗಸರ ಜೊತೆ ಕೂತು, ಅವರಿಗೆ ಏನು ಹೇಳಬೇಕಿದೆ ಎಂದು ಕೇಳಿಯೇ ಮಾಡಿದ ಚಿತ್ರ ಅದು.

ಪಿಡಿಒ ವಿಷಯ. ಅಪ್ಪನ ಚಿಂತೆ ನ್ಯಾಯವಾದದ್ದೇ. ಆದರೆ ಸರ್ಕಾರಿ ನೌಕರರಿಗೆ ನಡತೆ ನಿಯಮಗಳಿವೆ, ಸರ್ಕಾರದ ನೀತಿಯನ್ನು ಟೀಕಿಸುವ ಚಿತ್ರ ಮಾಡಲು ಅವು ಬಿಡುವುದಿಲ್ಲ. ಆ ನೌಕರಿ ಸೇರಿದರೆ ಈ ಕೆಲಸ ಕೈಬಿಟ್ಟಂತೆಯೇ ಎಂದು ಗೊತ್ತಿಟ್ಟುಕೊಂಡು ನಿರ್ಧಾರ ಮಾಡು. ಎಡಿಟಿಂಗ್, ಧ್ವನಿ, ಅನುವಾದ, ಇವುಗಳಲ್ಲಿ ಒಂದನ್ನು ಚೆನ್ನಾಗಿ ಕಲಿತರೆ ಸೇಡಮ್ಮಿನಲ್ಲಿ ಕೂತೇ ದುಡಿಯಬಹುದು. ಅಪ್ಪನಿಗೆ ತೋರಿಸಲು ಅದೊಂದು ಲೆಕ್ಕ ಸಿಗುತ್ತದೆ.

ಪ್ರಶ್ನೆ: ನಾನು ತಾಂಡಾ ಶಾಲೆಯ ಅತಿಥಿ ಶಿಕ್ಷಕ. ದಸರಾ ಕಳೆದ ಮೇಲೆ ಅರ್ಧ ಕ್ಲಾಸು ಖಾಲಿ. ಮಕ್ಕಳು ಅಪ್ಪ ಅವ್ವನ ಜೊತೆ ಬೆಂಗಳೂರಿಗೆ, ಇಲ್ಲ ಕಬ್ಬು ಕಡಿಯಲು ಹೋಗುತ್ತಾರೆ. ಇದನ್ನು ಮೊಬೈಲಿನಲ್ಲೇ ಚಿತ್ರ ಮಾಡಬೇಕೆಂದಿದ್ದೇನೆ. ಎಲ್ಲಿಂದ ಶುರು ಮಾಡಲಿ? ಮಕ್ಕಳನ್ನು ತೆಗೆಯಬಹುದಾ?
– ಅತಿಥಿ ಶಿಕ್ಷಕ, ಯಾದಗಿರಿ ಜಿಲ್ಲೆ

ಉತ್ತರ: ಸರ್, ನಿಮ್ಮ ಪತ್ರವನ್ನು ಮತ್ತೆ ಮತ್ತೆ ಓದಿದೆ. ಹೊರಗಿನಿಂದ ಬರುವ ನನ್ನಂಥವಳಿಗೆ ಸಿಗದ ಒಂದು ವಸ್ತು ನಿಮ್ಮ ಕೈಯಲ್ಲಿದೆ. ಅದು ಹಾಜರಿ ಪುಸ್ತಕ. ಜೂನ್ ತಿಂಗಳ ಪುಟ, ಡಿಸೆಂಬರ್ ತಿಂಗಳ ಪುಟ, ಎರಡನ್ನೂ ಪಕ್ಕಪಕ್ಕ ಇಟ್ಟರೆ ನಿಮ್ಮ ಚಿತ್ರದ ಪ್ರಶ್ನೆ ಅಲ್ಲೇ ಇದೆ. ಹೆಸರುಗಳು ಕಾಣದಂತೆ, ಗುರುತುಗಳಷ್ಟೇ ತೋರಿಸಿ. ಮುಖ್ಯ ಗುರುಗಳ ಒಪ್ಪಿಗೆ ಬರವಣಿಗೆಯಲ್ಲಿ ತಗೊಳ್ಳಿ.

ಮಕ್ಕಳಿಂದ ಶುರು ಮಾಡಬೇಡಿ. ಮನೆಯಿಂದ ಶುರು ಮಾಡಿ. ನನ್ನ ಚಿತ್ರದಲ್ಲಿ ಒಂದು ಮನೆ ಇದೆ. ಮರುದಿನ ನಸುಕಿಗೆ ಬಸ್ಸು, ರಾತ್ರಿ ಆ ಹೆಣ್ಣುಮಗಳು ಗಂಟು ಕಟ್ಟುತ್ತಿದ್ದಳು. ಜೋಳದ ಹಿಟ್ಟು, ಖಾರಪುಡಿ, ಎರಡು ಪಾತ್ರೆ, ರೊಟ್ಟಿ ಹಂಚು. ಹಂಚಿನ ಮಸಿ ಬಟ್ಟೆಗೆ ತಾಗದಿರಲಿ ಅಂತ ಅದಕ್ಕೆ ಹಳೇ ಸೀರೆ ಸುತ್ತಿದ್ದಳು. ರೇಷನ್ ಕಾರ್ಡನ್ನು ಗಂಟಿಗೆ ಹಾಕಿದಳು, ಮತ್ತೆ ಹೊರಗೆ ತೆಗೆದಳು, ಅತ್ತೆಯ ಕೈಗೆ ಕೊಟ್ಟಳು. ತಿಂಗಳ ಅಕ್ಕಿಗೆ ಹೆಬ್ಬೆಟ್ಟು ಒತ್ತಲು ಊರಲ್ಲಿ ಒಬ್ಬರು ಉಳಿಯಲೇಬೇಕು ಎಂಬುದು ಆ ಮನೆಯ ಲೆಕ್ಕ. ಬೇರೆ ಊರಲ್ಲೂ ಅದೇ ಕಾರ್ಡಿಗೆ ಧಾನ್ಯ ಸಿಗುವ ವ್ಯವಸ್ಥೆ ಇದೆ ನಿಜ. ಆದರೆ ಕೆಲಸ ಮುಗಿದಂತೆ ಜಾಗ ಬದಲಾಗುವವರಿಗೆ, ಹಗಲೆಲ್ಲ ದುಡಿಯುವವರಿಗೆ, ಪರ ಊರಿನ ರೇಷನ್ ಅಂಗಡಿ ಹುಡುಕಿಕೊಂಡು ಹೋಗುವುದೇ ಒಂದು ದಿನದ ಕೂಲಿ. ಮುದುಕಿ ಊರಲ್ಲಿ ಒಬ್ಬಳೇ ಉಳಿದದ್ದು ಯಾಕೆ ಅನ್ನುವುದಕ್ಕೆ ನನಗೆ ಉತ್ತರ ಸಿಕ್ಕಿದ್ದು ಆ ಕಾರ್ಡು ಕೈ ಬದಲಾದಾಗ. ಯಾರನ್ನೂ ಕೂಡಿಸಿ ಸಂದರ್ಶನ ಮಾಡಿದ್ದಲ್ಲ.

ಆಗ ಅವಳು ನನ್ನ ಕಡೆ ತಿರುಗಿ, ‘ಯಕ್ಕಾ, ಹಂಗೇ ನೋಡ್ಕೋತ ನಿಂದ್ರಬ್ಯಾಡ, ಈ ಚೀಲದ ಬಾಯಿ ಹಿಡಿ’ ಅಂದಳು. ಕ್ಯಾಮೆರಾ ಕೆಳಗಿಟ್ಟು ಹಿಡಿದೆ. ಧ್ವನಿ ದಾಖಲಾಗುತ್ತಲೇ ಇತ್ತು. ಆ ಮಾತು, ಹಗ್ಗ ಬಿಗಿಯುವ ಸಪ್ಪಳ ಚಿತ್ರದಲ್ಲಿ ಹಾಗೇ ಇವೆ, ಅಷ್ಟು ಹೊತ್ತು ತೆರೆಯ ಮೇಲೆ ಬರೀ ಮಣ್ಣಿನ ಗೋಡೆ. ಕರೆದಾಗ ಕೈ ಕೊಡದೆ ಚಿತ್ರೀಕರಣ ಮಾಡುತ್ತಲೇ ನಿಂತಿದ್ದರೆ ಆ ಮನೆಯವರು ನನ್ನನ್ನು ಬೆಂಗಳೂರಿನ ಶೆಡ್ಡಿನ ತನಕ ಜೊತೆಗೆ ಬಿಟ್ಟುಕೊಳ್ಳುತ್ತಿರಲಿಲ್ಲ ಅನ್ನುವುದು ನನ್ನ ನಂಬಿಕೆ.

ಒಪ್ಪಿಗೆಯನ್ನು ಮೂರು ಸಲ ಕೇಳಿ. ಚಿತ್ರೀಕರಣಕ್ಕೆ ಮುಂಚೆ ಒಮ್ಮೆ, ಆದ ಮೇಲೆ ಒಮ್ಮೆ, ಎಡಿಟ್ ಮಾಡಿ ಅವರಿಗೆ ತೋರಿಸಿದ ಮೇಲೆ ಕೊನೆಯದಾಗಿ ಒಮ್ಮೆ. ಕಾಗದಕ್ಕೆ ಹೆಬ್ಬೆಟ್ಟು ಹಾಕಿಸಿಕೊಂಡರೆ ಜನ ಹೆದರುತ್ತಾರೆ. ಹೆಬ್ಬೆಟ್ಟು ಒತ್ತಿ ಭೂಮಿ ಕಳಕೊಂಡ ಕತೆ ಇಲ್ಲಿ ಮನೆಮನೆಯಲ್ಲಿ ಇದೆ ಅಲ್ವಾ? ಅದಕ್ಕೆ ನಾನು ಒಪ್ಪಿಗೆಯನ್ನು ಅವರ ಮಾತಿನಲ್ಲೇ, ತಾಂಡಾದಲ್ಲಾದರೆ ಲಂಬಾಣಿಯಲ್ಲೇ, ರೆಕಾರ್ಡ್ ಮಾಡುತ್ತೇನೆ. ಮಕ್ಕಳಾದರೆ ತಾಯಿ ತಂದೆಯ ಒಪ್ಪಿಗೆಯ ಜೊತೆಗೆ ಮಗುವಿನ ಮನಸ್ಸನ್ನೂ ಕೇಳಬೇಕು. ಬೇಡ ಅಂದ ಮಗುವನ್ನು ಒತ್ತಾಯ ಮಾಡಬಾರದು. ಇನ್ನೊಂದು ಮಾತು, ಇದು ಕಾನೂನು: ಲೈಂಗಿಕ ದೌರ್ಜನ್ಯಕ್ಕೆ ಒಳಗಾದ ಮಗುವಿನ ಮುಖ, ಹೆಸರು, ಶಾಲೆ, ಊರು, ಮನೆಯವರು, ಏನೂ ಗೊತ್ತಾಗುವಂತಿಲ್ಲ. ಪೋಕ್ಸೊ ಕಾಯ್ದೆಯ 23ನೇ ಕಲಂ ಇದನ್ನೇ ಹೇಳುತ್ತದೆ. ಬಾಲನ್ಯಾಯ ಕಾಯ್ದೆಯ 74ನೇ ಕಲಂ ರಕ್ಷಣೆ ಬೇಕಾದ ಎಲ್ಲ ಮಕ್ಕಳಿಗೂ ಇಂಥದೇ ಕಾವಲು ಹಾಕಿದೆ.

ಮೊಬೈಲಿನ ವಿಷಯ ಚುಟುಕಾಗಿ ಹೇಳುತ್ತೇನೆ. ಏರೋಪ್ಲೇನ್ ಮೋಡಿಗೆ ಹಾಕಿ, ಇಲ್ಲದಿದ್ದರೆ ಒಳ್ಳೆಯ ಮಾತಿನ ನಡುವೆಯೇ ಕರೆ ಬರುತ್ತದೆ. ಅಡ್ಡ ಹಿಡಿಯಿರಿ. ಸೆಟ್ಟಿಂಗಿನಲ್ಲಿ ಸೆಕೆಂಡಿಗೆ 25 ಫ್ರೇಮ್ ಇಡಿ, ನಮ್ಮ ಕರೆಂಟು 50 ಹರ್ಟ್ಸ್ ಆದ್ದರಿಂದ 30 ಇಟ್ಟರೆ ಟ್ಯೂಬ್‌ಲೈಟ್ ಕೆಳಗೆ ಚಿತ್ರ ಮಿಣುಕುವ ಸಂಭವ ಜಾಸ್ತಿ. ಕೈಯಲ್ಲಿ ಸ್ವಲ್ಪ ಹಣ ಇದ್ದರೆ ಅಂಗಿಗೆ ಸಿಗಿಸುವ ಮೈಕು ಕೊಳ್ಳಿ. ಚಿತ್ರ ಸ್ವಲ್ಪ ಮಬ್ಬಾದರೆ ಜನ ತಡೆದುಕೊಳ್ಳುತ್ತಾರೆ, ಮಾತು ಕೇಳಿಸದಿದ್ದರೆ ಎದ್ದು ಹೋಗುತ್ತಾರೆ.

ಪ್ರಶ್ನೆ: ಹೊಸದಾಗಿ ಡ್ರೋನ್ ಕೊಂಡಿದ್ದೇನೆ. ಬೀದರ್ ಕೋಟೆ, ನೌಬಾದಿನ ಕರೇಜ್ ಮೇಲಿನಿಂದ ತೆಗೆಯಬಹುದಾ?
– ಓದುಗ, ಬೀದರ್

ಉತ್ತರ: ಸುಮ್ನೆ ಹಾರಿಸಬೇಡಿ. ಬೀದರಿನಲ್ಲಿ ವಾಯುಪಡೆಯ ನೆಲೆ ಇದೆ. 2021ರ ಡ್ರೋನ್ ನಿಯಮದ ಪ್ರಕಾರ ನಕ್ಷೆಯಲ್ಲಿ ಹಸಿರು, ಹಳದಿ, ಕೆಂಪು ವಲಯಗಳಿವೆ, ಡಿಜಿಟಲ್ ಸ್ಕೈ ತಾಣದಲ್ಲಿ ನೋಡಿ. ಕೆಂಪು ವಲಯದಲ್ಲಿ ಕೇಂದ್ರದ ಅನುಮತಿ ಇಲ್ಲದೆ ಹಾರಿಸುವಂತಿಲ್ಲ. ಕೋಟೆ ಪುರಾತತ್ವ ಇಲಾಖೆಯದು, ಅಲ್ಲಿ ಚಿತ್ರೀಕರಣಕ್ಕೆ ಅವರ ಅನುಮತಿಯೂ ಬೇಕು. ಕರೇಜ್ ಅಂದರೆ ಹಳೆಯ ಕಾಲದ ನೀರಿನ ಸುರಂಗ, ಇರುವುದೇ ನೆಲದೊಳಗೆ. ಅದನ್ನು ಇಳಿದು ನೋಡಬೇಕು, ಆ ತಂಪು, ಆ ನೀರಿನ ಸದ್ದು ಆಕಾಶದಿಂದ ಸಿಗುವುದಿಲ್ಲ.

ಪ್ರಶ್ನೆ: ಸಾಕ್ಷ್ಯಚಿತ್ರಕ್ಕೂ ಸೆನ್ಸಾರ್ ಬೇಕಾ? ಸರ್ಕಾರವನ್ನು ಟೀಕಿಸುವ ಚಿತ್ರಕ್ಕೆ ಅವರು ಸರ್ಟಿಫಿಕೇಟ್ ಕೊಡುತ್ತಾರಾ?
– ವಕೀಲರು, ಬೀದರ್

ಉತ್ತರ: ಬೇಕು ವಕೀಲರೇ. 1952ರ ಸಿನಿಮಾಟೋಗ್ರಾಫ್ ಕಾಯ್ದೆ ಕತೆ ಚಿತ್ರಕ್ಕೂ ಸಾಕ್ಷ್ಯಚಿತ್ರಕ್ಕೂ ಒಂದೇ. ಸಾರ್ವಜನಿಕವಾಗಿ ತೋರಿಸಬೇಕಾದರೆ ಸರ್ಟಿಫಿಕೇಟ್ ಇರಬೇಕು. ಈ ವಿಷಯದ ದೊಡ್ಡ ಮೊಕದ್ದಮೆ ಶುರುವಾದದ್ದೇ ಒಂದು ಸಣ್ಣ ಸಾಕ್ಷ್ಯಚಿತ್ರದಿಂದ. ಕೆ.ಎ. ಅಬ್ಬಾಸ್ ನಾಲ್ಕು ಮಹಾನಗರಗಳ ಬಡವರು, ಸಿರಿವಂತರ ಬದುಕನ್ನು ಎದುರುಬದುರು ಇಟ್ಟು ಚಿತ್ರ ಮಾಡಿದ್ದರು. ಕೆಲವು ದೃಶ್ಯ ಕತ್ತರಿಸಿ ಅಂದದ್ದಕ್ಕೆ ಸುಪ್ರೀಂ ಕೋರ್ಟಿಗೆ ಹೋದರು. 1970ರಲ್ಲಿ ತೀರ್ಪು ಬಂತು. ತೋರಿಸುವ ಮುಂಚೆಯೇ ಪರೀಕ್ಷೆ ಮಾಡುವುದು ಸಂವಿಧಾನಕ್ಕೆ ವಿರುದ್ಧವಲ್ಲ ಎಂದಿತು ಕೋರ್ಟು. ಅಬ್ಬಾಸರ ಚಿತ್ರಕ್ಕೆ ಕತ್ತರಿ ಇಲ್ಲದೆ ಸರ್ಟಿಫಿಕೇಟ್ ಸಿಕ್ಕಿತು, ಆದರೆ ಸೆನ್ಸಾರ್ ಉಳಿಯಿತು.

ಕೊಡುತ್ತಾರಾ ಅಂದರೆ, ಕೊಡುತ್ತಾರೆ, ಕೆಲವೊಮ್ಮೆ ಜಗಳ ಆಡಿ ಪಡೆಯಬೇಕು. ಪಟವರ್ಧನ್ ಅವರ ಅಣುಬಾಂಬ್ ಮೇಲಿನ ಚಿತ್ರಕ್ಕೆ ಸೆನ್ಸಾರ್ ಮಂಡಳಿ ಕತ್ತರಿ ಪ್ರಯೋಗ ಮಾಡಲು ಹೊರಟಾಗ, 2003ರಲ್ಲಿ ಬಾಂಬೆ ಹೈಕೋರ್ಟ್ ಒಂದೂ ಕತ್ತರಿ ಇಲ್ಲದೆ ಬಿಡುಗಡೆ ಮಾಡಿಸಿತು. ರಾಷ್ಟ್ರಪ್ರಶಸ್ತಿ ಬಂದ ಅವರ ಇನ್ನೊಂದು ಚಿತ್ರವನ್ನು ದೂರದರ್ಶನ ಹಾಕಲು ಒಪ್ಪಲಿಲ್ಲ. 2006ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ ಮೇಲೆ ಹಾಕಬೇಕಾಯಿತು. 2004ರಲ್ಲಿ ಮುಂಬೈ ಸಾಕ್ಷ್ಯಚಿತ್ರೋತ್ಸವಕ್ಕೆ ಭಾರತೀಯ ಚಿತ್ರಗಳಿಗಷ್ಟೇ ಸೆನ್ಸಾರ್ ಸರ್ಟಿಫಿಕೇಟ್ ಕೇಳಿದರು. ಆಗ ದೇಶದ ಸಾಕ್ಷ್ಯಚಿತ್ರಕಾರರು ಒಟ್ಟಾಗಿ ‘ವಿಕಲ್ಪ್’ ಹೆಸರಲ್ಲಿ ತಮ್ಮದೇ ಉತ್ಸವ ಮಾಡಿದರು.

ನಿಮ್ಮಂಥವರ ಸಹಾಯ ನಮಗೆ ಈಗ ಜಾಸ್ತಿ ಬೇಕು. ಮೊದಲು ಮಂಡಳಿಯ ತೀರ್ಮಾನದ ವಿರುದ್ಧ ಒಂದು ಮೇಲ್ಮನವಿ ನ್ಯಾಯಮಂಡಳಿ ಇತ್ತು. 2021ರಲ್ಲಿ ಅದನ್ನು ರದ್ದು ಮಾಡಿದರು. ಈಗ ನೇರ ಹೈಕೋರ್ಟಿಗೇ ಹೋಗಬೇಕು. ದೊಡ್ಡ ನಿರ್ಮಾಪಕರಿಗೆ ಅದು ನಡೆಯುತ್ತದೆ. ಮದುವೆ ವಿಡಿಯೊದ ದುಡ್ಡಲ್ಲಿ ಚಿತ್ರ ಮಾಡಿದವರಿಗೆ ವಕೀಲರ ಫೀಸೇ ಚಿತ್ರದ ಖರ್ಚಿಗಿಂತ ದೊಡ್ಡದು. ಇದು ಅನ್ಯಾಯ ಎಂದೇ ನಾನು ಹೇಳುತ್ತೇನೆ.

ನನ್ನ ಪದ್ಧತಿ ಹೀಗಿದೆ. ಎಡಿಟ್ ಅರ್ಧ ಆದಾಗ ಚಿತ್ರದಲ್ಲಿರುವ ಮನೆಯವರಿಗೆ ಅವರ ಮನೆಯಲ್ಲೇ ಲ್ಯಾಪ್‌ಟಾಪಿನಲ್ಲಿ ತೋರಿಸುತ್ತೇನೆ. ಅದು ಖಾಸಗಿ. ಅವರು ತೆಗೆ ಅಂದದ್ದನ್ನು ತೆಗೆದು, ಚಿತ್ರ ಮುಗಿಸಿ, ಬೆಂಗಳೂರಿನ ಸೆನ್ಸಾರ್ ಕಚೇರಿಗೆ ಅರ್ಜಿ ಹಾಕುತ್ತೇನೆ. ಸರ್ಟಿಫಿಕೇಟ್ ಕೈಗೆ ಬಂದ ಮೇಲೆ ಮೊದಲ ಸಾರ್ವಜನಿಕ ಪ್ರದರ್ಶನ ಚಿತ್ರ ತೆಗೆದ ಊರಲ್ಲೇ. ಉತ್ಸವ, ಬೆಂಗಳೂರು, ದಿಲ್ಲಿ ಎಲ್ಲ ಆಮೇಲೆ. ಚಿತ್ರದಲ್ಲಿರುವವರೇ ಕಡೆಯಲ್ಲಿ ನೋಡುವುದು, ಅಥವಾ ಎಂದೂ ನೋಡದಿರುವುದು ನಮ್ಮ ಕ್ಷೇತ್ರದಲ್ಲಿ ತೀರಾ ಮಾಮೂಲಾಗಿದೆ. ನನಗೆ ಅದು ಸಹಿಸಲಾಗದ ಸಂಗತಿ.

ಪ್ರಶ್ನೆ: ಬೇಜಾರು ಮಾಡಿಕೊಳ್ಳಬೇಡಿ ಮೇಡಂ. ನಮ್ಮ ಭಾಗವೆಂದರೆ ನಿಮಗೆಲ್ಲ ಬರ, ಗುಳೆ, ಬಡತನ ಅಷ್ಟೇನಾ? ಶರಣರ ನಾಡು ಇದು. ಬಂದೇ ನವಾಜರ ದರ್ಗಾ ಇದೆ, ಬುದ್ಧ ವಿಹಾರ ಇದೆ, ಸನ್ನತಿಯಲ್ಲಿ ಅಶೋಕ ಚಕ್ರವರ್ತಿಯ ಶಿಲ್ಪ ಇದೆ, ತೊಗರಿ ಇದೆ. ಅವನ್ನು ಯಾಕೆ ತೋರಿಸುವುದಿಲ್ಲ?
– ದಾಲ್ ಮಿಲ್ ಮಾಲೀಕರು, ಕಲಬುರಗಿ

ಉತ್ತರ: ಬೇಜಾರಿಲ್ಲ ಅಣ್ಣಾವ್ರೇ. ನಮ್ಮ ಊರನ್ನು ಯಾರಾದರೂ ಅಳುವ ಮುಖದಿಂದಷ್ಟೇ ತೋರಿಸಿದರೆ ನನಗೂ ಸಿಟ್ಟು ಬರುತ್ತದೆ. ಹೊರಗಿನಿಂದ ಬಂದು, ಬಿರುಕು ಬಿಟ್ಟ ಹೊಲ, ಮುದುಕಿಯ ಕಣ್ಣು, ಖಾಲಿ ಕೊಡ ತೆಗೆದುಕೊಂಡು ಸಂಜೆ ರೈಲಿಗೆ ಹೋಗುವವರನ್ನು ನಾನೂ ನೋಡಿದ್ದೇನೆ.

ಆದರೆ ನೀವು ಹೇಳಿದ ತೊಗರಿಯನ್ನೇ ತಗೊಳ್ಳೋಣ. 2019ರಲ್ಲಿ ಕಲಬುರಗಿ ತೊಗರಿಬೇಳೆಗೆ ಭೌಗೋಳಿಕ ಗುರುತು ಸಿಕ್ಕಿತು. ನಮಗೆಲ್ಲ ಹೆಮ್ಮೆ. 2021ರಲ್ಲಿ ಕೇಂದ್ರ ಸರ್ಕಾರ ತೊಗರಿ ಆಮದಿನ ಮೇಲಿನ ಮಿತಿ ತೆಗೆಯಿತು. ಮ್ಯಾನ್ಮಾರಿನಿಂದ, ಮೊಜಾಂಬಿಕ್‌ನಿಂದ ಬಂದ ತೊಗರಿ ಬಂದರಿಗೆ ಇಳಿದಾಗ ಆಳಂದದ ರೈತ ಎಪಿಎಂಸಿಯಲ್ಲಿ ಯಾವ ದರಕ್ಕೆ ಮಾರಿದ? ಅದೇ ವಾರ ನಿಮ್ಮ ಮಿಲ್ಲಿಗೆ ಕಾಳು ಯಾವ ದರಕ್ಕೆ ಬಂತು? ಬೇಳೆ ಆರಿಸುವ ಹೆಂಗಸರ ಕೂಲಿ ಎಷ್ಟಾಯಿತು? ಬೆಂಗಳೂರಿನ ಅಂಗಡಿಯಲ್ಲಿ ಬೇಳೆ ಕಿಲೋಗೆ ಎಷ್ಟಿತ್ತು? ಈ ನಾಲ್ಕು ಪ್ರಶ್ನೆಗಳ ಚಿತ್ರ ಅಳುವಿನದ್ದಲ್ಲ, ಹೊಗಳಿಕೆಯದ್ದೂ ಅಲ್ಲ. ನಾನು ಮಾಡಬೇಕೆಂದಿರುವುದು ಇಂಥದ್ದು. ಮಿಲ್ ಬಾಗಿಲು ತೆಗೆದರೆ ನಿಮ್ಮ ಲೆಕ್ಕವನ್ನೂ ನೀವು ಹೇಳಿದಂತೆಯೇ ದಾಖಲಿಸುತ್ತೇನೆ. ಇದು ನಿಜವಾದ ಕೇಳಿಕೆ, ದಯವಿಟ್ಟು ಯೋಚಿಸಿ.

ಬಿದ್ರಿಯೂ ಹಾಗೇ. 2023ರಲ್ಲಿ ಬೀದರಿನ ಷಾ ರಶೀದ್ ಅಹ್ಮದ್ ಖಾದ್ರಿ ಅವರಿಗೆ ಪದ್ಮಶ್ರೀ ಬಂದಾಗ ಇಡೀ ಜಿಲ್ಲೆ ಹಿಗ್ಗಿತು. ಸತುವಿಗೆ ಸ್ವಲ್ಪ ತಾಮ್ರ ಬೆರೆಸಿ ಎರಕ ಹೊಯ್ಯುತ್ತಾರೆ. ಚಿತ್ತಾರ ಕೊರೆದು, ಬೆಳ್ಳಿ ತಂತಿ ಕೂರಿಸಿ, ಉಜ್ಜಿ ನಯ ಮಾಡುತ್ತಾರೆ. ಕೊನೆಗೆ ಕೋಟೆಯ ಹಳೆ ಮಣ್ಣಿಗೆ ನವಸಾಗರ ಕೂಡಿಸಿ ಕಾಯಿಸಿ ಹಚ್ಚಿದಾಗ ಲೋಹ ಕಪ್ಪಾಗುತ್ತದೆ, ಬೆಳ್ಳಿ ಬೆಳ್ಳಗೇ ಉಳಿಯುತ್ತದೆ. ಆ ಮಣ್ಣು ಸರಿಯಾದದ್ದೇ ಎಂದು ಒಬ್ಬ ಹಿರಿಯರು ನಾಲಿಗೆ ತುದಿಗೆ ಮುಟ್ಟಿಸಿ ನೋಡುತ್ತಿದ್ದರು. ಅದನ್ನು ನಾನು ಮನಸಾರೆ, ತುಂಬಾ ಹೊತ್ತು ಚಿತ್ರೀಕರಿಸಿದೆ. ಆಮೇಲೆ, ‘ಮಗನಿಗೆ ಕಲಿಸ್ತೀರಾ?’ ಎಂದು ಕೇಳಿದೆ. ಮಗ ಆಟೊ ಓಡಿಸುತ್ತಾನಂತೆ. ಬೆಳ್ಳಿಯ ದರ ಏರಿದೆ, ಬೆಳ್ಳಿ ಕೊಳ್ಳಲು ಕೈಯಲ್ಲಿ ಬಂಡವಾಳ ಇಲ್ಲ. ನಾಲಿಗೆಯ ಮೇಲಿನ ಮಣ್ಣು, ಮಗನ ಆಟೊ, ಎರಡೂ ಚಿತ್ರದಲ್ಲಿವೆ. ಒಂದನ್ನು ಬಿಟ್ಟರೆ ಅದು ಪ್ರವಾಸಿಗರಿಗೆ ಹಂಚುವ ಕರಪತ್ರ ಆಗುತ್ತಿತ್ತು.

ನಂಜುಂಡಪ್ಪ ಸಮಿತಿ 2002ರಲ್ಲಿ ವರದಿ ಕೊಟ್ಟಾಗ ಅತ್ಯಂತ ಹಿಂದುಳಿದ ತಾಲ್ಲೂಕುಗಳಲ್ಲಿ ಹೆಚ್ಚಿನವು ನಮ್ಮ ಭಾಗದವೇ ಆಗಿದ್ದವು. ನಮ್ಮ ಭಾಗಕ್ಕೆ ವಿಶೇಷ ಸ್ಥಾನಮಾನ ಕೊಡುವ ಸಂವಿಧಾನದ 371ಜೆ ವಿಧಿ ಬಂದು ಹತ್ತು ವರ್ಷ ದಾಟಿದೆ. 2019ರಲ್ಲಿ ಹೈದರಾಬಾದ್ ಕರ್ನಾಟಕ ಕಲ್ಯಾಣ ಕರ್ನಾಟಕವಾಯಿತು. ಇವುಗಳಿಂದ ಯಾರ ಮನೆಗೆ ಏನು ಬಂತು ಎಂದು ಕ್ಯಾಮೆರಾ ಹಿಡಿದು ಕೇಳುವುದು ಊರಿಗೆ ಅವಮಾನ ಅಂತ ನನಗೆ ಅನಿಸುವುದಿಲ್ಲ.

ಪ್ರಶ್ನೆ: ಒಬ್ಬರೇ ಹೆಣ್ಣುಮಗಳು ಗಣಿ, ಕ್ವಾರಿ ಅಂತ ತಿರುಗುತ್ತೀರಿ. ಹೆದರಿಕೆ ಆಗುವುದಿಲ್ಲವಾ?
– ಗೃಹಿಣಿ, ಬಸವಕಲ್ಯಾಣ

ಉತ್ತರ: ಆಗುತ್ತದೆ ತಾಯಿ. ಒಂದು ಸಂಜೆ ಗಣಿಯಿಂದ ಬರುವ ದಾರಿಯಲ್ಲಿ ಜೀಪ್ ಅಡ್ಡ ಹಾಕಿ, ‘ಯಾರನ್ನ ಕೇಳಿ ತೆಗೀಲಕತ್ತೀರಿ? ಕಾರ್ಡ್ ಕೊಡ್ರಿ’ ಅಂದರು. ಗುತ್ತೇದಾರರ ಕಡೆಯವರು. ಕ್ಯಾಮೆರಾದ ಮೆಮೊರಿ ಕಾರ್ಡ್ ಕೊಟ್ಟೆ. ಮಧ್ಯಾಹ್ನದ ಊಟದ ಹೊತ್ತಿಗೇ ಎಲ್ಲದರ ಇನ್ನೊಂದು ಪ್ರತಿ ಬೇರೆಯವರ ಚೀಲದಲ್ಲಿ ಶಹಾಬಾದ್ ಮುಟ್ಟಿತ್ತು. ಅವತ್ತು ಅಷ್ಟಕ್ಕೇ ಮುಗಿಯಿತು. ಅಂಥ ಜಾಗಕ್ಕೆ ಒಬ್ಬಳೇ ಹೋಗುವುದಿಲ್ಲ. ಎಲ್ಲಿಗೆ, ಎಷ್ಟು ಹೊತ್ತಿಗೆ ಎಂದು ಮನೆಯಲ್ಲಿ ಬರೆದಿಟ್ಟು ಹೋಗುತ್ತೇನೆ. ಗೊತ್ತಿರುವ ವಕೀಲರೊಬ್ಬರ ನಂಬರು ಜೊತೆಗಿರುತ್ತದೆ. ಚಿತ್ರದಲ್ಲಿ ಹೇಳುವ ಪ್ರತಿ ಆರೋಪಕ್ಕೂ ದಾಖಲೆ ಇಟ್ಟುಕೊಳ್ಳುತ್ತೇನೆ. ಮಾಹಿತಿ ಹಕ್ಕು ಅರ್ಜಿಗೆ 10 ರೂಪಾಯಿ, ಉತ್ತರಕ್ಕೆ 30 ದಿನ. ನಮ್ಮ ರಾಜ್ಯದಲ್ಲಿ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದದೊಳಗೆ ಕೇಳಬೇಕು. ಆ ಕಾಗದಗಳೇ ನನ್ನ ಧೈರ್ಯ.

ಆದರೆ ನನಗಿಂತ ಜಾಸ್ತಿ ಅಪಾಯ ಮಾತಾಡಿದವರಿಗೆ. ನಾನು ಕಲಬುರಗಿಗೆ ಬಂದುಬಿಡುತ್ತೇನೆ, ಅವರು ಮರುದಿನ ಅದೇ ಗುತ್ತೇದಾರನ ಹತ್ತಿರ ಹಾಜರಿ ಹಾಕಿಸಬೇಕು. ಒಬ್ಬ ಕಾರ್ಮಿಕರು, ‘ಮಾರಿ ತೋರಸಬ್ಯಾಡ್ರಿ ಅಕ್ಕಾರ, ಬೇಕಾದ್ರ ಕೈ ತಗೋರಿ’ ಅಂದರು. ಹಾಗಾಗಿ ಆ ಭಾಗದಲ್ಲಿ ಬರೀ ಕೈಗಳಿವೆ. ಪರ್ಸಿ ಪದರು ಪದರಾಗಿ ಇರುವ ಕಲ್ಲು. ಉಳಿ ಇಟ್ಟು ಒಂದೇ ಗೆರೆಯಲ್ಲಿ ಸಣ್ಣಸಣ್ಣ ಏಟು ಹಾಕುತ್ತ ಹೋಗುತ್ತಾರೆ. ಸದ್ದು ಬದಲಾದಾಗ ಕಲ್ಲು ಬಿಟ್ಟಿತು ಎಂದು ಅವರಿಗೆ ಗೊತ್ತಾಗುತ್ತದೆ. ಆಗ ಹಾರೆ ತೂರಿಸಿ ಎತ್ತಿದರೆ ಇಡೀ ಹಲಗೆ ಮೇಲೇಳುತ್ತದೆ. ಬೆರಳ ಸಂದಿಯಲ್ಲೆಲ್ಲ ಪುಡಿ. ಹೆಬ್ಬೆರಳ ಉಗುರು ಅರ್ಧ ಇಲ್ಲ. ಲ್ಯಾಪ್‌ಟಾಪಿನಲ್ಲಿ ಅವರಿಗೆ ತೋರಿಸಿದಾಗ, ‘ಈ ಉಗುರ ನೋಡಿದ್ರ ನಾನೇ ಅಂತ ಎಲ್ಲಾರಿಗೂ ತಿಳೀತದ. ದನಿನೂ ತಿಳೀತದ’ ಅಂದರು. ಉಗುರು ಕಾಣುವ ದೃಶ್ಯ ತೆಗೆದೆವು. ಅವರ ಮಾತನ್ನು ಬೇರೆ ಊರಿನವರೊಬ್ಬರ ದನಿಯಲ್ಲಿ ಹೇಳಿಸಿದೆವು. ಚಿತ್ರದ ಅತ್ಯಂತ ಒಳ್ಳೆಯ ದೃಶ್ಯ ಅದೇ ಆಗಿತ್ತು. ಹೋಗಲಿ. ಅವರು ಈಗಲೂ ಅಲ್ಲೇ ಕೆಲಸ ಮಾಡುತ್ತಿದ್ದಾರೆ.

ಪ್ರಶ್ನೆ: ನಿಮ್ಮ ಚಿತ್ರಗಳು ಯಾವ ಭಾಷೆಯಲ್ಲಿವೆ? ಸಬ್‌ಟೈಟಲ್ ಇರುತ್ತವಾ?
– ಓದುಗರು, ಗುರುಮಠಕಲ್

ಉತ್ತರ: ಜನ ಆಡಿದ ಭಾಷೆಯಲ್ಲೇ ಇವೆ. ನಮ್ಮಲ್ಲಿ ಒಂದೇ ಸಂತೆಯಲ್ಲಿ ಕನ್ನಡ, ದಖನಿ, ಲಂಬಾಣಿ ಕೇಳುತ್ತವೆ, ನಿಮ್ಮ ಕಡೆ ತೆಲುಗು, ಬೀದರ್ ಕಡೆ ಮರಾಠಿ. ಹೊರಗೆ ತೋರಿಸುವ ಪ್ರತಿಗೆ ಸಬ್‌ಟೈಟಲ್ ಹಾಕುತ್ತೇವೆ. ಊರಲ್ಲಿ ತೋರಿಸುವ ಪ್ರತಿಗೆ ಓದಿ ಹೇಳುವ ದನಿ ಇರುತ್ತದೆ, ಯಾಕಂದರೆ ಮುಂದಿನ ಸಾಲಿನಲ್ಲಿ ಕೂರುವ ಅಜ್ಜಿಯರಿಗೆ ಅಕ್ಷರ ಬರುವುದಿಲ್ಲ. ಗುಳೆ ಚಿತ್ರಕ್ಕೆ ತಾಂಡಾದಲ್ಲೇ ಪಿಯುಸಿ ಓದುವ ಹುಡುಗಿ ಲಂಬಾಣಿಯಿಂದ ಕನ್ನಡಕ್ಕೆ ಹೇಳಿದಳು. ಅವಳಿಗೆ ಅದಕ್ಕೆ ಸಂಭಾವನೆ ಕೊಟ್ಟೆವು. ಊರಿನವರ ಕೆಲಸವನ್ನು ಪುಕ್ಕಟೆ ಮಾಡಿಸಬೇಡಿ.

ಪ್ರಶ್ನೆ: ಕೊನೆಗೆ ಇದರಿಂದ ಏನಾದರೂ ಬದಲಾಗುತ್ತದೆಯೇ? ಚಿತ್ರ ನೋಡಿ ಜನ ಎದ್ದು ಹೋಗುತ್ತಾರೆ, ಗುಳೆ ಹೋಗುವುದು ನಿಂತಿತೇ?
– ನಿವೃತ್ತ ಉಪನ್ಯಾಸಕರು, ಶಹಾಪುರ

ಉತ್ತರ: ನಿಂತಿಲ್ಲ ಸರ್. ನಾರಾಯಣಪುರ ಜಲಾಶಯದ ಕಾಲುವೆ ನೀರು ಮುಟ್ಟದ ಹೊಲ, ಊರಲ್ಲಿ ಸಿಗದ ಕೂಲಿ, ತೀರದ ಮುಂಗಡ ಸಾಲ, ಇವು ಇರುವ ತನಕ ಒಂದು ಚಿತ್ರದಿಂದ ಅದು ನಿಲ್ಲುವುದಿಲ್ಲ. ಆದರೆ ಆ ತಾಂಡಾದಲ್ಲಿ ಪ್ರದರ್ಶನದ ದಿನ ಆದದ್ದನ್ನು ಹೇಳುತ್ತೇನೆ.

ಯುಗಾದಿಗೆ ಎಲ್ಲರೂ ಊರಿಗೆ ಬಂದಿದ್ದರು. ಸೇವಾಲಾಲರ ಗುಡಿಯ ಮುಂದೆ ಪರದೆ ಕಟ್ಟಿದೆವು. ಶಾಮಿಯಾನದವರು ಸ್ಪೀಕರ್ ಕೊಟ್ಟರು. ನಡುವೆ ಕರೆಂಟು ಹೋಯಿತು, ಜನರೇಟರ್ ಶುರುವಾಗುವ ತನಕ ಯಾರೂ ಏಳಲಿಲ್ಲ. ಚಿತ್ರದಲ್ಲಿ ಒಂದು ಕಡೆ ಬೆಂಗಳೂರಿನ ಕಟ್ಟಡದ ಕೆಲಸದಲ್ಲಿ ಕಾಲು ಮುರಿದುಕೊಂಡ ಯುವಕ, ‘ಮೇಸ್ತ್ರಿ ಐದ್ನೂರು ಕೊಟ್ಟು ಬಸ್ಸಿಗಿ ಹತ್ತಿಸಿದ’ ಅನ್ನುತ್ತಾನೆ. ಅದೇ ಚಿತ್ರದಲ್ಲಿ ಇನ್ನೊಬ್ಬ ಹೆಂಗಸು ತನ್ನ ಕಾರ್ಮಿಕ ಕಾರ್ಡ್ ತೋರಿಸಿ, ಹೆರಿಗೆಗೆ ಸಹಾಯಧನ ಬಂದದ್ದನ್ನು ಹೇಳುತ್ತಾಳೆ. ಚಿತ್ರ ಮುಗಿದ ಮೇಲೆ ನನ್ನ ಕೆಲಸದ ಬಗ್ಗೆ ಯಾರೂ ಏನೂ ಹೇಳಲಿಲ್ಲ. ಎಲ್ಲರ ಪ್ರಶ್ನೆ ಒಂದೇ: ‘ಆ ಕಾರ್ಡ್ ಹ್ಯಾಂಗ ಮಾಡಸ್ಬೇಕು?’ ಕಾಲು ಮುರಿದ ಯುವಕನ ತಾಯಿ ಎಲ್ಲರಿಗಿಂತ ಮುಂದೆ ಬಂದು ಕೂತಿದ್ದಳು.

ಕಟ್ಟಡ ಕಾರ್ಮಿಕರ ಕಾಯ್ದೆ ಬಂದದ್ದು 1996ರಲ್ಲಿ. ಕಟ್ಟಡ ಕಟ್ಟಿಸುವವರಿಂದ ವೆಚ್ಚದ ನೂರಕ್ಕೆ 1ರಷ್ಟು ಸೆಸ್ ವಸೂಲಿ ಮಾಡಿ ಕಲ್ಯಾಣ ಮಂಡಳಿಗೆ ಹಾಕುತ್ತಾರೆ. 18ರಿಂದ 60ರೊಳಗಿನವರು, ಹಿಂದಿನ 12 ತಿಂಗಳಲ್ಲಿ 90 ದಿನ ಕಟ್ಟಡ ಕೆಲಸ ಮಾಡಿದ್ದರೆ ನೋಂದಣಿ ಮಾಡಿಸಬಹುದು. ಇದು ಆ ತಾಂಡಾದ ಎಷ್ಟೋ ಮನೆಗಳಿಗೆ ಗೊತ್ತಿರಲಿಲ್ಲ. ಬೆಂಗಳೂರಿನ ಎಷ್ಟೋ ಗೋಡೆಗಳನ್ನು ಎಬ್ಬಿಸಿದವರು ಅವರು! ಅವತ್ತು ದನಿ ಕೊಟ್ಟ ಹುಡುಗಿಯೇ ನೋಟ್‌ಬುಕ್ಕಿನಲ್ಲಿ ಹೆಸರು ಬರೆದುಕೊಳ್ಳತೊಡಗಿದಳು. ಪ್ರೊಜೆಕ್ಟರ್ ಬೆಳಕು ಆರಿಸಬೇಡಿ ಅಂದಳು, ಬರೆಯಲು ಬೇರೆ ಬೆಳಕಿರಲಿಲ್ಲ. ಕಷ್ಟ ಬಂದದ್ದು 90 ದಿನದ ಪ್ರಮಾಣಪತ್ರಕ್ಕೆ. ಮೇಸ್ತ್ರಿಗಳು ಸಹಿ ಹಾಕಲು ಹಿಂದೆ ಮುಂದೆ ನೋಡಿದರು. ಕೆಲವರಿಗೆ ಕಾರ್ಡ್ ಆಯಿತು, ಕೆಲವರ ಅರ್ಜಿ ತಿರಸ್ಕಾರವಾಯಿತು, ಇನ್ನೂ ಕೆಲವರು ಓಡಾಡುತ್ತಲೇ ಇದ್ದಾರೆ. ಆ ಓಡಾಟವನ್ನೇ ಈಗ ಚಿತ್ರೀಕರಿಸುತ್ತಿದ್ದೇವೆ.

ಅಲ್ಲಿಂದ ಪ್ರತಿ ಪ್ರದರ್ಶನಕ್ಕೂ ಪ್ರೊಜೆಕ್ಟರ್ ಜೊತೆಗೆ ಅರ್ಜಿ ತುಂಬಲು ಬರುವ ಒಬ್ಬರನ್ನೂ ಕರಕೊಂಡು ಹೋಗುತ್ತೇವೆ. ಶಹಾಪುರದಲ್ಲಿ ನೀವು ಪ್ರದರ್ಶನ ಏರ್ಪಡಿಸಿದರೆ ನಾವು ಬರುತ್ತೇವೆ ಸರ್. ನಮಗೆ ಬೇಕಾದದ್ದು ಒಂದು ಬಿಳಿ ಗೋಡೆ ಮತ್ತು ಕರೆಂಟು. ಬರುವವರಿಗೆ ಆಧಾರ್, ಬ್ಯಾಂಕ್ ಪಾಸ್‌ಬುಕ್, ಫೋಟೊ ತರಲು ಮೊದಲೇ ಹೇಳಿ. ಸಾಧ್ಯವಾದರೆ ಪ್ರಮಾಣಪತ್ರದ ಸಹಿಯ ವಿಷಯ ಮಾತಾಡಲು ಕಾರ್ಮಿಕ ಇಲಾಖೆಯವರೊಬ್ಬರನ್ನೂ ಕರೆಸಿ.